ಟೈರು ಬೇಯುವಷ್ಟು ಹೊತ್ತು

ಓದು ಮನುಷ್ಯನನ್ನು ಕತ್ತಲೆಯಿಂದ ಬೆಳಕಿಗೆ ಕರೆದೊಯ್ಯುತ್ತದೆ ಎಂದು ತಿಳಿದವರು ಎಲ್ಲ ಸಮಾರಂಭಗಳಲ್ಲೂ ಹೇಳುತ್ತಾರೆ. ನನ್ನನ್ನು ಅದು ಕರೆದೊಯ್ದದ್ದು ಮಳವಳ್ಳಿಯ ಒಂದು ಟೈರ್ ರೀಟ್ರೆಡಿಂಗ್ ಅಂಗಡಿಯ ಮಹಡಿಗೆ. ಅಲ್ಲಿ ಬೆಳಕು ಎಂದರೆ ಒಂದೇ ಬಲ್ಬು, ಅದೂ ಕರೆಂಟಿದ್ದರೆ. ಅಲ್ಲಿ ಓದುತ್ತಿದ್ದ ಭಾಷೆ ನನಗೆ ಬರುತ್ತಿರಲಿಲ್ಲ.

ಅದು ಸವೆದ ಟೈರನ್ನು ಎಸೆಯುವುದು ಪಾಪವೆಂದು ಜನ ತಿಳಿದಿದ್ದ ಕಾಲ. ಲಾರಿಯವರು, ಟ್ರ್ಯಾಕ್ಟರಿನವರು, ಖಾಸಗಿ ಬಸ್ಸಿನವರು ಬೋಳಾದ ಟೈರುಗಳನ್ನು ಉರುಳಿಸಿಕೊಂಡು ಬಂದು ಅಂಗಡಿಯ ಮುಂದೆ ಹಾಕಿ ಹೋಗುವರು. ಒಳಗಿದ್ದವರು ಅದರ ಮೈ ಉಜ್ಜಿ, ಹೊಸ ರಬ್ಬರಿನ ಪಟ್ಟಿ ಅಂಟಿಸಿ, ದೊಡ್ಡ ಪೀಪಾಯಿಯಂಥ ಕಬ್ಬಿಣದ ಚೇಂಬರಿನೊಳಗಿಟ್ಟು ಬೇಯಿಸುವರು. ಸುಮಾರಾಗಿ ಇಡ್ಲಿ ಬೇಯಿಸುವ ಕ್ರಮವೇ, ವಾಸನೆ ಮಾತ್ರ ಬೇರೆ. ಈ ಕೆಲಸ ಮಾಡುತ್ತಿದ್ದವರೆಲ್ಲ ಕಣ್ಣೂರಿನ ಕಡೆಯ ಒಂದೇ ಹಳ್ಳಿಯವರು. ಮಳವಳ್ಳಿಯ ಜನ ಅವರನ್ನು ಟೈರಿನೋರು ಎನ್ನುತ್ತಿದ್ದರು. ಅವರಿಗೆ ಮಹಡಿಯ ಮೇಲೆ ಒಂದು ಗ್ರಂಥಾಲಯವಿದೆ ಎಂಬುದು ಊರಿಗೆ ಗೊತ್ತಿರಲಿಲ್ಲ. ಸಂಜೆ ಎಲ್ಲರೂ ಒಟ್ಟಿಗೆ ಮೇಲೆ ಹತ್ತುವುದನ್ನು ಕಂಡಿದ್ದ ಒಬ್ಬಿಬ್ಬರು ಅದನ್ನು ಇಸ್ಪೀಟಿನ ಕ್ಲಬ್ಬೆಂದು ತಿಳಿದು, ತಕ್ಕ ಗೌರವ ಕೊಡುತ್ತಿದ್ದರು.

ನಾನು ದುದ್ದದಿಂದ ಮಳವಳ್ಳಿಗೆ ಬಂದದ್ದು ಐದನೇ ಕ್ಲಾಸಿನ ನಡುವೆ. ಅಮ್ಮ ನರ್ಸು. ಇಲ್ಲಿಯ ಆಸ್ಪತ್ರೆಗೆ ವರ್ಗವಾಗಿತ್ತು. ಅಪ್ಪನಿಗೆ ಶಿವನಸಮುದ್ರದ ವಿದ್ಯುತ್ ಕೇಂದ್ರದಲ್ಲಿ ಪಾಳಿಯ ಕೆಲಸ. ವಾರಕ್ಕೊಮ್ಮೆ ಬಂದು, ನಿದ್ದೆ ಮಾಡಿ, ಎದ್ದು ಹೋಗುತ್ತಿದ್ದರು. ಹೊಸ ಸ್ಕೂಲಿನಲ್ಲಿ ಇಬ್ಬಿಬ್ಬರು ಕೂರುವ ಬೆಂಚುಗಳಿದ್ದವು. ಜೊತೆಗಳೆಲ್ಲ ಜೂನಿನಲ್ಲೇ ಕೂಡಿಕೊಂಡಿದ್ದವು. ಆಗಸ್ಟಿನಲ್ಲಿ ಬಂದವಳಿಗೆ ಮೇಷ್ಟ್ರು ಕಿಟಕಿಯ ಹತ್ತಿರ ಬೇರೆಯಾಗಿ ಒಂದು ಸ್ಟೂಲು ಹಾಕಿಸಿದರು. ಗಾಳಿ ಬೆಳಕಿಗೆ ಏನೂ ಕೊರತೆ ಇರಲಿಲ್ಲ. ಬಿಡುವಿನಲ್ಲಿ ಹುಡುಗಿಯರು ಕುಂಟೆಬಿಲ್ಲೆ ಆಡುವಾಗ ನಾನು ಗೆರೆಯ ಪಕ್ಕ ನಿಂತು, ಯಾರ ಕಾಲು ಗೆರೆ ಮುಟ್ಟಿತೆಂದು ಹೇಳುತ್ತಿದ್ದೆ. ಎರಡು ದಿನ ಕೇಳಿದರು. ಮೂರನೇ ದಿನ ಒಬ್ಬಳು, ‘ನಿನ್ನ ಯಾರಮ್ಮಿ ಕೇಳುದ್ರು?’ ಅಂದಳು. ನ್ಯಾಯವಾದ ಪ್ರಶ್ನೆ. ಅಲ್ಲಿಗೆ ಆ ಹುದ್ದೆಯೂ ಹೋಯಿತು.

ನಾಲ್ಕು ಗಂಟೆಗೆ ಮನೆಗೆ ಬಂದರೆ ಅಮ್ಮ ಬರುವುದು ಏಳಕ್ಕೆ. ನೆಲದ ಮೇಲೆ ಸೀಮೆಸುಣ್ಣದಲ್ಲಿ ಚೌಕಾಬಾರದ ಮನೆ ಬರೆದು, ನಾಲ್ಕು ಕಡೆಯ ಆಟವನ್ನೂ ನಾನೇ ಆಡುತ್ತಿದ್ದೆ. ನಾಲ್ವರಲ್ಲಿ ಒಬ್ಬಳು ಗೆಲ್ಲುತ್ತಿದ್ದಳು, ಮೂವರು ಸೋಲುತ್ತಿದ್ದರು. ಲೆಕ್ಕ ಹಾಕಿದರೆ ದಿನವೂ ನನಗೆ ಸೋಲೇ ಹೆಚ್ಚು. ಒಂದು ವಾರ ಒಂದೇ ಸಮನೆ ಅಮ್ಮ ಬಂದಾಗ ನಾನು ಹೊಸ್ತಿಲ ಮೇಲೆ, ಬೆನ್ನಿನ ಚೀಲವನ್ನೂ ಇಳಿಸದೆ, ಕೂತಿದ್ದೆನಂತೆ. ಅದನ್ನು ಅಮ್ಮ ಆಸ್ಪತ್ರೆಯಲ್ಲಿ ಲೀಲಾ ಸಿಸ್ಟರ್‌ಗೆ ಹೇಳಿದಳು. ಲೀಲಾ ಸಿಸ್ಟರ್ ಮಲಯಾಳಿ. ಅವರು ಟೈರಿನಂಗಡಿಯ ಮಹಡಿಯಲ್ಲಿ ತಮ್ಮವರದೊಂದು ವಾಯನಶಾಲೆ, ಅಂದರೆ ವಾಚನಾಲಯ, ಇದೆಯೆಂದೂ, ತಮ್ಮ ಊರಿನಲ್ಲಿ ಮಗು ಕಾಣೆಯಾದರೆ ಮೊದಲು ವಾಯನಶಾಲೆಯಲ್ಲಿ ಹುಡುಕಿ ಆಮೇಲೆ ಬಾವಿಯಲ್ಲಿ ನೋಡುತ್ತಾರೆಂದೂ ಹೇಳಿದರು. ವಾಚನಾಲಯವೆಂದರೆ ಮಕ್ಕಳ ಕತೆಪುಸ್ತಕ ಇರುತ್ತದೆಂದು ಅಮ್ಮ ತಿಳಿದಳು. ಅವಳು ಕೊನೆಯವರೆಗೂ ಆ ಮಹಡಿ ಹತ್ತಲಿಲ್ಲವಾದ್ದರಿಂದ ಆ ತಿಳಿವಳಿಕೆಗೆ ಧಕ್ಕೆ ಬರಲಿಲ್ಲ.

ಕಬ್ಬಿಣದ ಮೆಟ್ಟಿಲು ಹತ್ತಿ ಒಳಗೆ ಹೋದರೆ ಮೂಗಿಗೆ ಎರಡು ವಾಸನೆ ಹೊಡೆಯುತ್ತಿತ್ತು, ಕೆಳಗಿನಿಂದ ಸುಟ್ಟ ರಬ್ಬರಿನದು, ಎದುರಿನಿಂದ ನುಸಿಗುಳಿಗೆಯದು. ಗೋಡೆಯುದ್ದಕ್ಕೂ ಮರದ ಕಪಾಟು. ಅದರಲ್ಲಿ ನಾನೂರ ಹನ್ನೆರಡು ಪುಸ್ತಕ. ಎಲ್ಲಕ್ಕೂ ಖಾಕಿ ಕಾಗದದ ಹೊದಿಕೆ, ಬೆನ್ನಿಗೆ ಜಿಲೇಬಿಯಂಥ ಅಕ್ಷರ. ಒಂದೂ ಕನ್ನಡದ್ದಲ್ಲ. ನಾನು ಮೊದಲ ದಿನ ಒಂದೊಂದನ್ನೇ ತೆಗೆದು, ಚಿತ್ರ ಹುಡುಕಿ, ಮತ್ತೆ ಇಟ್ಟೆ. ಒಂದರಲ್ಲಿ ಒಂದು ಹಡಗು ಇತ್ತು. ಮಿಕ್ಕ ಪುಸ್ತಕ ಬರೆದವರು ಚಿತ್ರದ ಗೋಜಿಗೆ ಹೋಗಿರಲಿಲ್ಲ.

ಇದನ್ನೆಲ್ಲ ನೋಡಿಕೊಳ್ಳುತ್ತಿದ್ದವರು ಗೋಪಾಲೇಟ್ಟನ್. ಏಟ್ಟನ್ ಎಂದರೆ ಅಣ್ಣ. ಅರವತ್ತರ ಹತ್ತಿರದ ಅವರು ಅಂಗಡಿಯಲ್ಲಿ ಟೈರಿನ ಮೈ ಉಜ್ಜುವ ಕೆಲಸಗಾರ. ಮೇಲೆ ಬಂದರೆ ವಾಯನಶಾಲೆಯ ಕಾರ್ಯದರ್ಶಿ. ಕೆಳಗೆ ಬನಿಯನ್ನಿನಲ್ಲಿ ಇರುತ್ತಿದ್ದವರು ಮೇಲೆ ಬರುವಾಗ ಅಂಗಿ ತೊಟ್ಟು ಗುಂಡಿ ಹಾಕಿಕೊಂಡೇ ಬರುತ್ತಿದ್ದರು. ಗೋಡೆಯ ಮೇಲೆ ಕೈಯಲ್ಲಿ ಬರೆದ ಬೋರ್ಡೊಂದು ಇತ್ತು. ಅದನ್ನು ಅವರು ನನಗೆ ಕನ್ನಡದಲ್ಲಿ, ಸಂವಿಧಾನ ಓದುವ ಧಾಟಿಯಲ್ಲಿ ತಿಳಿಸಿದರು. ಒಂದು, ಮಸಿ ಕೈಯವರು ಪುಸ್ತಕ ಮುಟ್ಟಕೂಡದು. ಎರಡು, ರಜದ ಮೇಲೆ ಊರಿಗೆ ಹೋದವರು ಬರುವಾಗ ಒಂದು ಪುಸ್ತಕ ತರತಕ್ಕದ್ದು. ಆ ನಾನೂರ ಹನ್ನೆರಡೂ ಹಾಗೆ ಬಂದವು, ಬಾಳೆಕಾಯಿ ಚಿಪ್ಸಿನ ಜೊತೆ, ಒಂದೊಂದು ರಜಕ್ಕೆ ಒಂದೊಂದು. ಕೆಲವಕ್ಕೆ ಇನ್ನೂ ಎಣ್ಣೆಯ ಗುರುತಿತ್ತು. ಮೂರು, ಒಂದೇ ಸಮನೆ ಏಳು ದಿನ ಕೇಳುಗರು ಮೂವರಿಗಿಂತ ಕಡಿಮೆಯಾದರೆ ವಾಯನಶಾಲೆಯನ್ನು ಮುಚ್ಚಿ, ಪುಸ್ತಕಗಳನ್ನು ತಮ್ಮ ಹಳ್ಳಿಯ ವಾಯನಶಾಲೆಗೆ ಒಪ್ಪಿಸತಕ್ಕದ್ದು. ಈ ಮೂರನೆಯದನ್ನು ಬರೆದಾಗ ಅಂಗಡಿಯಲ್ಲಿ ಹದಿನಾಲ್ಕು ಜನ ಇದ್ದರಂತೆ. ಎಂದೂ ಬಳಕೆಗೆ ಬಾರದ ನಿಯಮ ಬರೆಯುವಾಗ ಮನುಷ್ಯನಿಗೆ ಧೈರ್ಯ ಜಾಸ್ತಿ.

ಕೇಳುಗರು ಎಂದದ್ದು ಏಕೆಂದರೆ, ಅಲ್ಲಿ ಓದುತ್ತಿದ್ದವರು ಒಬ್ಬರೇ. ಸಂಜೆ ಐದೂವರೆಗೆ ಕೊನೆಯ ಟೈರುಗಳನ್ನು ಚೇಂಬರಿನೊಳಗೆ ಕೂಡಿ ಬಾಗಿಲು ತಿರುಚುವರು. ಅವು ಬೇಯಲು ಒಂದೂವರೆ ಗಂಟೆ ಬೇಕು. ಅಷ್ಟು ಹೊತ್ತು ಯಾರಿಗೂ ಕೆಲಸವಿಲ್ಲ. ಎಲ್ಲರೂ ಮೇಲೆ ಬಂದು, ಮಸಿ ಕೈಗಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು, ಚಾಪೆಯ ಮೇಲೆ ಕೂರುವರು. ಗೋಪಾಲೇಟ್ಟನ್ ಬಟ್ಟೆ ಸೋಪಿನಲ್ಲಿ ಮೊಣಕೈವರೆಗೆ ಮೂರು ಸಲ ತೊಳೆದು, ಒರೆಸಿ, ಉಗುರು ನೋಡಿಕೊಂಡು, ಪುಸ್ತಕ ತೆಗೆಯುವರು. ಒಬ್ಬನ ಕೈ ತೊಳೆದರೆ ಸಾಕಲ್ಲ, ಸೋಪು ಉಳಿತಾಯ ಅನ್ನುವರು. ಮೊದಲು ಒಂದು ದಿನ ತಡವಾಗಿ ಬಸ್ಸಿನಲ್ಲಿ ಬಂದ ಅವರೂರಿನ ಪೇಪರು, ಆಮೇಲೆ ಕಾದಂಬರಿ. ಕೆಳಗೆ ಗಂಟೆ ಹೊಡೆದರೆ ವಾಕ್ಯ ಎಲ್ಲಿದೆಯೋ ಅಲ್ಲಿಗೇ ನಿಲ್ಲುತ್ತಿತ್ತು. ಟೈರು ಹೆಚ್ಚು ಬೆಂದರೆ ಬಿರಿಯುತ್ತದೆ, ಕಾದಂಬರಿಗೆ ಆ ಭಯವಿಲ್ಲ.

ಗೋಪಾಲೇಟ್ಟನ್ ಹುಡುಗರಾಗಿದ್ದಾಗ ಊರಿನಲ್ಲಿ ಬೀಡಿ ಕಟ್ಟುತ್ತಿದ್ದರಂತೆ. ಅಲ್ಲಿಯ ಬೀಡಿ ಶೆಡ್ಡುಗಳಲ್ಲಿ ಒಬ್ಬ ಗಟ್ಟಿಯಾಗಿ ಓದುವುದು, ಉಳಿದವರು ಕೇಳುತ್ತಾ ತಮ್ಮ ಬೀಡಿಯ ಜೊತೆಗೆ ಅವನ ಪಾಲಿನ ಬೀಡಿಯನ್ನೂ ಕಟ್ಟಿಕೊಡುವುದು ವಾಡಿಕೆ. ಓದುವವನು ಕೆಲಸಗಳ್ಳನೆಂದು ಯಾರೂ ಅನ್ನುತ್ತಿರಲಿಲ್ಲ, ಅದೂ ಕೆಲಸವೇ. ಅವರಪ್ಪನಿಗೆ ಅಕ್ಷರ ಬರುತ್ತಿರಲಿಲ್ಲ. ಆದರೂ ಹಳ್ಳಿಯ ವಾಯನಶಾಲೆಗೆ ಅಧ್ಯಕ್ಷರಾಗಿದ್ದರು. ನಮ್ಮ ಕಡೆ ಗ್ರಂಥಾಲಯವೆಂದರೆ ಸದ್ದು ಮಾಡಬೇಡಿ ಎಂಬ ಫಲಕ, ಅದರ ಕೆಳಗೆ ಒಬ್ಬರು ನಿದ್ದೆ. ಅವರ ಕಡೆ ಅದು ಜಗಳವಾಡಲು ಹೋಗುವ ಜಾಗವಂತೆ. ಪುಸ್ತಕ ಮನೆಗೆ ಒಯ್ದವರು ಹಿಂದೆ ಕೊಡುವಾಗ ಅದರಲ್ಲಿ ಏನು ಸರಿಯಿಲ್ಲವೆಂದು ಹೇಳದೆ ಇನ್ನೊಂದು ಕೇಳುವಂತಿಲ್ಲವಂತೆ.

ನಾನು ಹೋದಾಗ ಕೇಳುಗರು ಐದು ಜನ. ನನ್ನನ್ನು ಆರನೆಯವಳಾಗಿ ಬರೆದುಕೊಳ್ಳಬಹುದೇ ಎಂಬ ಬಗ್ಗೆ ಮಹಾಸಭೆ ನಡೆಯಿತು. ಭಾಷೆ ಬಾರದವಳು ಕೇಳುಗರ ಲೆಕ್ಕಕ್ಕೆ ಹೇಗೆ ಬರುತ್ತಾಳೆ ಎಂದು ಒಬ್ಬರು ಆಕ್ಷೇಪ ಎತ್ತಿದರು. ಕೇಳುಗರಿಗೆ ಭಾಷೆ ಬರತಕ್ಕದ್ದು ಎಂದು ಬೋರ್ಡಿನಲ್ಲಿ ಎಲ್ಲಿದೆ ತೋರಿಸಿ ಎಂದು ಗೋಪಾಲೇಟ್ಟನ್ ಕೇಳಿದರು. ಇರಲಿಲ್ಲ. ಅಂದಿನಿಂದ ದಿನವೂ ಐದೂವರೆಗೆ ಅವರು ದಪ್ಪ ರಿಜಿಸ್ಟರು ತೆರೆದು, ಬಂದವರ ಹೆಸರು ಬರೆಯುವಾಗ ಕೊನೆಗೆ ನನ್ನದನ್ನೂ ಬರೆಯುತ್ತಿದ್ದರು. ಜಿಲೇಬಿಯ ಸಾಲಿನಲ್ಲಿ ಮಂಗಳ ಎಂಬುದು ಯಾವುದೆಂದು ನಾಲ್ಕನೇ ದಿನಕ್ಕೆ ನನಗೆ ಗುರುತು ಸಿಕ್ಕಿತು. ಸ್ಕೂಲಿನ ಹಾಜರಿಯಲ್ಲೂ ನನ್ನ ಹೆಸರು ಕೂಗುತ್ತಿದ್ದರು. ಆದರೆ ಅಲ್ಲಿ ನಾನಿಲ್ಲದಿದ್ದರೆ ಯಾವುದೂ ನಿಲ್ಲುತ್ತಿರಲಿಲ್ಲ.

ಏಳಕ್ಕೆ ನನ್ನನ್ನು ಮನೆಗೆ ಕರೆದೊಯ್ಯುತ್ತಿದ್ದವಳು ಚಿಕ್ಕತಾಯಮ್ಮ. ಅಮ್ಮನ ಆಸ್ಪತ್ರೆಯಲ್ಲಿ ಆಯಾ, ನಮ್ಮ ವಠಾರದಲ್ಲೇ ಒಂದು ಕೋಣೆ. ಗಂಡ ಇರಲಿಲ್ಲ. ಭಾಗ್ಯ ಎಂಬ ಮಗಳು ಮದ್ದೂರಿನಲ್ಲಿ, ಚಿಕ್ಕಮ್ಮನ ಮನೆಯಲ್ಲಿದ್ದು ಏಳನೇ ಕ್ಲಾಸು ಓದುತ್ತಿದ್ದಳು. ತಿಂಗಳಿಗೊಂದು ಭಾನುವಾರ ಚಿಕ್ಕತಾಯಮ್ಮ ಹೋಗಿ ನೋಡಿಕೊಂಡು ಬರುವಳು, ಬರುವಾಗ ನನಗೂ ಕಾಗದದಲ್ಲಿ ಸುತ್ತಿದ ವಡೆ ತರುವಳು. ಮಗಳ ಸುದ್ದಿ ಕೇಳಿದರೆ, ‘ಇದ್ದಾಳೆ ಬುಡಮ್ಮಿ’ ಅನ್ನುವಳು, ಹೆಚ್ಚಿಲ್ಲ. ಮೊದಲ ದಿನವೇ ದಾರಿಯಲ್ಲಿ ನನ್ನನ್ನು ಕೇಳಿದಳು:

‘ಅದೇನಮ್ಮಿ ಆ ಗೋಪಾಲಣ್ಣ ಅಷ್ಟ್ ಗಟ್ಟಿಯಾಗ್ ಓದ್ತಿದ್ದುದ್ದು?’

ಗೊತ್ತಿಲ್ಲ ಅನ್ನಬಹುದಿತ್ತು. ಇಡೀ ದಿನ ಯಾರೂ ಏನೂ ಕೇಳದೆ ಇದ್ದವಳಿಗೆ ಆ ಒಂದು ಪ್ರಶ್ನೆಯನ್ನು ಗೊತ್ತಿಲ್ಲ ಅಂತ ಹಾಳು ಮಾಡಿಕೊಳ್ಳಲು ಮನಸ್ಸು ಬರಲಿಲ್ಲ. ಕತೆ ಅಂದೆ. ಒಂದು ಹುಡುಗಿ ಹೊಳೆಯ ದಡದಲ್ಲಿ ಕೂತಿದ್ದಾಳೆ. ಅವಳ ಅವ್ವ ದೋಣಿಯಲ್ಲಿ ಆಚೆ ದಡಕ್ಕೆ ಕೆಲಸಕ್ಕೆ ಹೋಗಿದ್ದಾಳೆ. ಇನ್ನೂ ಬಂದಿಲ್ಲ.

‘ಅವ್ವ ಒತ್ತಾರೆ ಓದೋಳು ಇನ್ನೂ ಬಂದಿಲ್ವಾ?’

ಹೌದು ಅಂದೆ. ಅಲ್ಲಿಗೆ ನನಗೆ ಉದ್ಯೋಗ ಸಿಕ್ಕಿತು.

ಅಂದಿನಿಂದ ನಾನು ಓದನ್ನು ಬೇರೆ ರೀತಿ ಕೇಳತೊಡಗಿದೆ. ಗೋಪಾಲೇಟ್ಟನ್ ದನಿ ತಗ್ಗಿಸಿದರೆ ಹೊಳೆಯ ಮೇಲೆ ಸಂಜೆಯಾಯಿತು. ಮೊಣಕಾಲಿಗೆ ಗುದ್ದಿದರೆ ಪ್ರವಾಹ ಬಂತು. ಷಾಜಿ ಎಂಬ ಕಿರಿಯ ಕೆಲಸಗಾರ ನಕ್ಕರೆ, ಹುಡುಗಿಗೆ ಅಂಬಿಗ ಏನೋ ತಮಾಷೆ ಹೇಳಿದ. ಯಾರೂ ಅಲ್ಲಾಡದೆ ಕೂತರೆ ದೂರದಲ್ಲಿ ದೋಣಿ ಕಂಡಿತು, ಆದರೆ ಅದರಲ್ಲಿ ಬೇರೆ ಯಾರೋ ಇದ್ದರು. ಇಷ್ಟನ್ನು ಕಟ್ಟಿಕೊಂಡು ಏಳಕ್ಕೆ ಇಳಿದರೆ ಬಸ್ ಸ್ಟ್ಯಾಂಡು, ಸಂತೆಮಾಳ ದಾಟಿ ಮನೆ ಬರುವಷ್ಟರಲ್ಲಿ ಸರಿಹೋಗುತ್ತಿತ್ತು. ಚಿಕ್ಕತಾಯಮ್ಮ ಸೆರಗಿನಲ್ಲಿ ಕಡ್ಲೆಪುರಿ ಇಟ್ಟುಕೊಂಡು, ನನಗೊಂದು ಹಿಡಿ ಕೊಟ್ಟು, ತಾನೊಂದು ಹಿಡಿ ಬಾಯಿಗೆ ಹಾಕಿಕೊಂಡು ಕೇಳುವಳು. ಮೊದಮೊದಲು ಆ ಅವ್ವನನ್ನು ಬೈದಳು.

‘ಎಂತಾ ಎಂಗ್ಸಮ್ಮಿ ಅವ್ಳು. ಎಣ್ಣುಮಗೀನ ಒಳೆ ದಡ್ದಲ್ ಕುಂಡ್ರುಸ್ಬುಟ್ಟು ಓಗೋದಾ?’

ನಾಲ್ಕು ಹೆಜ್ಜೆ ಹೋದ ಮೇಲೆ, ಬೈದದ್ದು ತನಗೇ ತಾಗಿದವಳ ಹಾಗೆ, ‘ಕೆಲ್ಸ ಇದ್ದಾತು ಬುಡು. ಸುಮ್ಸುಮ್ಕೆ ಓದಾಳಾ’ ಅಂದಳು.

ಗೌರಿಹಬ್ಬದ ಹೊತ್ತಿಗೆ ಇಬ್ಬರು ಗಲ್ಫಿಗೆ ಹೋದರು. ದಸರೆಗೆ ಇನ್ನಿಬ್ಬರು ಊರಿಗೆ ಹೋದವರು ಪುಸ್ತಕ ಹಿಡಿದು ವಾಪಸಾಗಲಿಲ್ಲ, ಕಾಗದ ಬರೆದು ಕ್ಷಮೆ ಕೇಳಿದರು. ಹೊಸ ಬಗೆಯ ಟೈರುಗಳು ಬಂದಿದ್ದವು. ಅವನ್ನು ಸವೆಸಿ ಎಸೆಯುವುದೇ ಲಾಭವಂತೆ. ಕೆಳಗೆ ಚೇಂಬರು ಅರ್ಧ ಖಾಲಿ ಬೇಯುತ್ತಿತ್ತು, ಮೇಲೆ ಚಾಪೆಯ ಮೇಲೆ ಷಾಜಿ ಮತ್ತು ನಾನು. ಗೋಪಾಲೇಟ್ಟನ್ ರಿಜಿಸ್ಟರಿನಲ್ಲಿ ಎರಡು ಹೆಸರು ಬರೆದು, ಮೂರನೇ ನಿಯಮದ ಏಳು ದಿನದ ಲೆಕ್ಕಕ್ಕೆ ಮುಂದೆ ‘ಒಂದು’ ಎಂದು ಗುರುತು ಹಾಕಿದರು. ಮರುದಿನ ‘ಎರಡು’. ಕೈ ಮಾತ್ರ ಮೂರು ಸಲವೇ ತೊಳೆದರು, ಓದುವುದರಲ್ಲಿ ಒಂದು ಸಾಲೂ ಕಡಿಮೆ ಮಾಡಲಿಲ್ಲ. ‘ನಾಲ್ಕು’ ಎಂದು ಬರೆದ ದಿನ ನಾನು ದಾರಿಯಲ್ಲಿ ಚಿಕ್ಕತಾಯಮ್ಮನ ಸೆರಗು ಹಿಡಿದೆ. ನೀನೂ ಮೇಲೆ ಬಂದು ಕೂತು ಕೇಳು ಅಂದೆ. ಕೋಣೆ ಮುಚ್ಚಿದರೆ ಕತೆ ಅಲ್ಲಿಗೇ ನಿಲ್ಲುತ್ತದೆ ಅಂದೆ. ಅದು ನಿಜ. ನನಗೆ ಮತ್ತೆ ಹೊಸ್ತಿಲೇ ಗತಿ ಎಂಬುದನ್ನು ಹೇಳಲಿಲ್ಲ.

‘ನಂಗೆ ಆ ಬಾಸೆ ಎಲ್ ತಿಳ್ದದಮ್ಮಿ?’

‘ನಾನು ಯೋಳ್ತೀನಿ, ಪಕ್ಕದಲ್ ಕೂತ್ಕಂಡು.’

ಅವಳು ಬೆಳಗಿನ ಪಾಳಿಗೆ ಬದಲಾಯಿಸಿಕೊಂಡಳು. ಅದಕ್ಕಾಗಿ ನಸುಕಿನಲ್ಲೇ ಎದ್ದು ಹೋಗಬೇಕಿತ್ತು. ಸಂಜೆ ಐದೂವರೆಗೆ ತಲೆ ಬಾಚಿ, ಬೇರೆ ಸೀರೆ ಉಟ್ಟು ಬಂದು ಚಾಪೆಯ ಮೇಲೆ ಕೂತಳು. ಗೋಪಾಲೇಟ್ಟನ್ ಎದ್ದು ನಿಂತು ಹೆಸರು ಕೇಳಿ ಬರೆದುಕೊಂಡು, ಗುರುತನ್ನು ಹೊಡೆದುಹಾಕಿದರು.

ಹೀಗೆ ಆ ದಿನಗಳಲ್ಲಿ ಮಹಡಿಯ ಮೇಲೆ ಒಟ್ಟಿಗೆ ಎರಡು ಕಾದಂಬರಿಗಳು ನಡೆದವು. ಒಂದನ್ನು ಕಾರ್ಯದರ್ಶಿಗಳು ಗಟ್ಟಿಯಾಗಿ ಓದುತ್ತಿದ್ದರು, ಇನ್ನೊಂದನ್ನು ನಾನು ಚಿಕ್ಕತಾಯಮ್ಮನ ಕಿವಿಯಲ್ಲಿ ಪಿಸುಗುಡುತ್ತಿದ್ದೆ. ಷಾಜಿಗೆ ಕನ್ನಡ ಚೆನ್ನಾಗಿ ಬರುತ್ತಿತ್ತು. ಅವನು ಒಮ್ಮೆ ನನ್ನ ಕಡೆ, ಒಮ್ಮೆ ಅವರ ಕಡೆ ನೋಡಿ, ಕೆಮ್ಮು ಬಂದವನ ಹಾಗೆ ಮುಖ ಮುಚ್ಚಿಕೊಂಡು ಕೆಳಗಿಳಿದು ಹೋಗುತ್ತಿದ್ದ. ಗೋಪಾಲೇಟ್ಟನ್ ತಲೆ ಎತ್ತುತ್ತಿರಲಿಲ್ಲ.

ಮೂರನೇ ದಿನ ಓದು ಮುಗಿದು ಚಿಕ್ಕತಾಯಮ್ಮ ಚಪ್ಪಲಿ ಹುಡುಕುತ್ತಿದ್ದಾಗ ಅವರು ನನ್ನನ್ನು ಕಪಾಟಿನ ಹತ್ತಿರ ಕರೆದರು. ನನ್ನನ್ನು ಮೋಳೆ ಎನ್ನುತ್ತಿದ್ದರು, ಹಾಗೆಂದರೆ ಮಗಳೆ.

‘ಮೋಳೆ, ದೋಣಿ ಹುಡುಗಿ ಯಾವ ಪುಟದಲ್ಲಿ ಬಂದಳು? ನಾನು ನೋಡಲಿಲ್ಲ.’

ನನಗೆ ಅಳು ಬಂತು. ಅವರು ನಾನು ಅಳುವಷ್ಟು ಹೊತ್ತು ಕಾದು, ಆ ಕಾದಂಬರಿಯಲ್ಲಿ ನಿಜವಾಗಿ ಏನಿದೆಯೆಂದು ಹೇಳಿದರು. ಅಣ್ಣ ತಮ್ಮ ಇಬ್ಬರು, ನಡುವೆ ಒಂದು ಬೇಲಿ, ಇಪ್ಪತ್ತು ವರ್ಷದ ವ್ಯಾಜ್ಯ. ಬಹುಪಾಲು ಕೋರ್ಟು. ನನ್ನ ಪ್ರವಾಹವೆಂದರೆ ವಕೀಲರ ವಾದ. ಹೊಳೆಯೇ ಇಲ್ಲ. ಹೆಣ್ಣು ಮಕ್ಕಳೂ ಕಮ್ಮಿ ಎಂದು ತಪ್ಪೊಪ್ಪಿಕೊಳ್ಳುವವರಂತೆ ಅಂದರು.

ಆಮೇಲೆ ಬೀಡಿ ಶೆಡ್ಡಿನ ಒಂದು ಸಂಗತಿ ಹೇಳಿದರು. ಒಮ್ಮೆ ಅವರು ಓದುತ್ತಿದ್ದ ಕತೆಯಲ್ಲಿ ಒಂದು ಮಗು ಸಾಯುವ ಪುಟ ಬಂತು. ಕೇಳುತ್ತಿದ್ದವರಲ್ಲಿ ಒಬ್ಬ ಆ ತಿಂಗಳಲ್ಲೇ ಮಗನನ್ನು ಕಳೆದುಕೊಂಡಿದ್ದ. ಇವರು ಆ ಪುಟ ಹಾರಿಸಿ ಮುಂದಕ್ಕೆ ಓದಿದರು. ಎರಡು ವಾಕ್ಯ ಹೋಗುವುದರೊಳಗೆ ಎಲ್ಲರಿಗೂ ಗೊತ್ತಾಯಿತು. ಎರಡು ದಿನ ಯಾರೂ ಇವರ ಬೀಡಿ ಕಟ್ಟಲಿಲ್ಲ. ಮೊದಲು ಕೈ ನಿಲ್ಲಿಸಿದವನು ಮಗ ಸತ್ತವನೇ. ಅಂದಿನಿಂದ ಒಂದು ಪದ ಕೂಡಿಸಿಲ್ಲ, ಒಂದು ಪದ ಬಿಟ್ಟಿಲ್ಲ ಅಂದರು.

‘ನೀನು ಶುರು ಮಾಡಿದ್ದೀಯ. ನೀನೇ ಮುಗಿಸಬೇಕು. ನನ್ನ ಪುಸ್ತಕ ಇನ್ನು ಒಂಬತ್ತು ದಿನ. ಅಷ್ಟರಲ್ಲಿ ಆ ಹುಡುಗಿಯ ಅಮ್ಮನನ್ನು ದಡಕ್ಕೆ ಕರೆದುಕೊಂಡು ಬಾ.’

ಚಿಕ್ಕತಾಯಮ್ಮನಿಗೆ ಅವರು ಏನೂ ಹೇಳಲಿಲ್ಲ. ಪುಸ್ತಕದಲ್ಲಿ ಒಂದು ಪದ ಕೂಡಿಸುವುದು ತಪ್ಪು, ಪಕ್ಕದಲ್ಲಿ ಕೂತವಳು ಪಿಸುಗುಡುವುದಕ್ಕೆ ಬೋರ್ಡಿನಲ್ಲಿ ನಿಯಮವಿಲ್ಲ ಎಂದು ಸಮಾಧಾನ ಮಾಡಿಕೊಂಡಿರಬೇಕು.

ಅವ್ವನನ್ನು ಕರೆತರುವುದು ಕಷ್ಟವಿರಲಿಲ್ಲ. ದೋಣಿಯೂ ಇತ್ತು, ಅಂಬಿಗನೂ ಇದ್ದ. ಮರುದಿನವೇ ತರಬಹುದಿತ್ತು. ಆದರೆ ಐದನೇ ಕ್ಲಾಸಿನವಳಾದರೂ ನಾನು ಲೆಕ್ಕದಲ್ಲಿ ಗಟ್ಟಿ. ಅವ್ವ ಬಂದುಬಿಟ್ಟರೆ ಚಿಕ್ಕತಾಯಮ್ಮ ಯಾಕೆ ಬರುತ್ತಾಳೆ? ಅವಳು ಬರದಿದ್ದರೆ ಕೇಳುಗರು ಇಬ್ಬರು. ಅವ್ವ ಬಾರದೆ ಇದ್ದರೆ ಈ ಪುಸ್ತಕ ಮುಗಿದು ಇನ್ನೊಂದು ತೆರೆದರೂ, ಅದರಲ್ಲಾದರೂ ಬಂದಾಳೆಂದು ಅವಳು ಚಾಪೆಯ ಮೇಲೆ ಕೂತೇ ಇರುತ್ತಾಳೆ. ಆದ್ದರಿಂದ ನಾನು ಹೊಳೆಗೆ ನೀರು ಏರಿಸಿದೆ. ಅಂಬಿಗನಿಗೆ ಜ್ವರ ಬರಿಸಿದೆ. ಏಳನೆಯ ದಿನ ದೋಣಿಗೆ ತೂತು ಬಿತ್ತು. ಎಂಟನೆಯ ದಿನ ಅವ್ವ ಆಚೆ ದಡದಲ್ಲಿ ಕಂಡಳು. ಕೈ ಬೀಸಿದಳು, ಕೂಗಿದಳು, ಗಾಳಿಗೆ ಕೇಳಿಸಲಿಲ್ಲ. ಇದನ್ನು ಹೇಳಿದಾಗ ಚಿಕ್ಕತಾಯಮ್ಮ ನನ್ನ ಮಣಿಕಟ್ಟು ಹಿಡಿದುಕೊಂಡಿದ್ದಳು. ನೋವಾಯಿತು, ಆದರೂ ಕೈ ಎಳೆದುಕೊಳ್ಳಲಿಲ್ಲ. ಅಷ್ಟು ಹೊತ್ತು ನನ್ನ ಕೈಯನ್ನು ಆ ವರ್ಷ ಯಾರೂ ಹಿಡಿದಿರಲಿಲ್ಲ.

ಒಂಬತ್ತನೆಯ ದಿನ ಗೋಪಾಲೇಟ್ಟನ್ ಕೊನೆಯ ಪುಟ ಓದಿದರು. ಗಂಟೆ ಹೊಡೆಯಲು ಇನ್ನೂ ಸಮಯವಿತ್ತು. ಪುಸ್ತಕ ಮುಚ್ಚಿ, ಅದರ ಮೇಲೆ ತೊಳೆದ ಕೈ ಇಟ್ಟುಕೊಂಡು ಕೂತರು. ಅಣ್ಣ ತಮ್ಮಂದಿರ ಗತಿ ಏನಾಯಿತೋ, ಷಾಜಿಯ ಮುಖ ಸಣ್ಣದಾಗಿತ್ತು. ನನ್ನ ಕಡೆ ಅವ್ವ ಇನ್ನೂ ಆಚೆ ದಡದಲ್ಲೇ ಇದ್ದಳು. ಚಿಕ್ಕತಾಯಮ್ಮ ನನ್ನನ್ನು ಕೇಳಲಿಲ್ಲ. ನೇರ ಅವರನ್ನೇ ಕೇಳಿದಳು.

‘ಗೋಪಾಲಣ್ಣ, ಅವ್ವ ಬಂದ್ಲಾ?’

ಅವರು ನನ್ನ ಕಡೆ ನೋಡಿದರು. ಬಂದಳು ಅನ್ನಲು ನನಗೆ ಕೊಟ್ಟ ಅವಕಾಶ ಅದು, ಈಗ ತಿಳಿಯುತ್ತದೆ. ನಾನು ಚಾಪೆಯ ಅಂಚು ಕೀಳುತ್ತಾ ಇದ್ದೆ. ಷಾಜಿ ಅವರ ಭಾಷೆಯಲ್ಲಿ ಏನೋ ಮೆಲ್ಲಗೆ ಬೇಡಿಕೊಂಡ. ಅದು ಮಾತ್ರ ನನಗೆ ಸಂಪೂರ್ಣ ಅರ್ಥವಾಯಿತು: ಬಂದಳು ಅಂದುಬಿಡಿ ಏಟ್ಟಾ. ಹಾಗೆ ಹೇಳಿದರೆ ಚಿಕ್ಕತಾಯಮ್ಮ ಸಂತೋಷಪಟ್ಟು, ಮುಂದಿನ ಪುಸ್ತಕಕ್ಕೂ ಬಂದಾಳು ಎಂಬುದು ಅವನ ಲೆಕ್ಕ.

‘ಬರಲಿಲ್ಲ’ ಅಂದರು ಗೋಪಾಲೇಟ್ಟನ್.

ಪುಸ್ತಕದ ಮಟ್ಟಿಗೆ ಅದು ಸತ್ಯವೇ. ಆ ಪುಸ್ತಕದಲ್ಲಿ ಯಾವ ಅವ್ವನೂ ಬರಲಿಲ್ಲ. ಅವರು ಒಂದು ಪದ ಕೂಡಿಸಲಿಲ್ಲ, ಒಂದು ಪದ ಬಿಡಲಿಲ್ಲ.

‘ಎಣ್ಣುಮಗಾ?’

‘ಕಾಯುತ್ತಾ ಇದೆ.’

ಇದು ಮಾತ್ರ ಪುಸ್ತಕದಲ್ಲಿರಲಿಲ್ಲ. ಹೇಳಿ ಮುಗಿಸಿ ಅವರು ತಾವೇ ಬೆಚ್ಚಿದವರಂತೆ ಕನ್ನಡಕ ತೆಗೆದು ಒರೆಸಿಕೊಂಡರು.

ಆ ಸಂಜೆ ದಾರಿಯಲ್ಲಿ ಕಡ್ಲೆಪುರಿ ಇರಲಿಲ್ಲ. ನಾಳೆ ಹೊಸ ಪುಸ್ತಕ ಶುರು, ಅದರಲ್ಲಿ ಬಂದೇ ಬರುತ್ತಾಳೆ ಎಂದು ನಾನು ಎರಡು ಸಲ ಹೇಳಿದೆ. ವಠಾರದ ಬಾಗಿಲಲ್ಲಿ ಅವಳು ನನ್ನ ತಲೆ ಮುಟ್ಟಿ, ‘ನಾಳೀಕೆ ನಾನು ಬರಾಕಿಲ್ಲ ಕಣಮ್ಮಿ. ಮದ್ದೂರ್ಗೆ ಓಯ್ತೀನಿ’ ಅಂದಳು. ತಿಂಗಳ ಭಾನುವಾರ ಇನ್ನೂ ದೂರವಿತ್ತು. ಮರುದಿನ ಮೊದಲ ಬಸ್ಸಿಗೆ ಹೋದಳು. ಹದಿನೈದು ದಿನದ ಮೇಲೆ ಪಾತ್ರೆ, ಹಾಸಿಗೆ ಒಯ್ಯಲು ಬಂದಾಗ ನಾನು ಸ್ಕೂಲಿನಲ್ಲಿದ್ದೆ. ಮದ್ದೂರಿನಲ್ಲೇ ಒಂದು ನರ್ಸಿಂಗ್ ಹೋಮಿನಲ್ಲಿ ಕೆಲಸ ಹಿಡಿದಳೆಂದೂ, ಮಗಳನ್ನು ಜೊತೆಗಿಟ್ಟುಕೊಂಡು ಕೋಣೆ ಮಾಡಿದ್ದಾಳೆಂದೂ ಅಮ್ಮ ಹೇಳಿದಳು. ನನಗಾಗಿ ಹೊಸ್ತಿಲ ಮೇಲೆ ವಡೆಯ ಪೊಟ್ಟಣ ಇಟ್ಟುಹೋಗಿದ್ದಳು. ಇರುವೆ ಮುತ್ತಿತ್ತು.

ಗೋಪಾಲೇಟ್ಟನ್ ಹೊಸ ಪುಸ್ತಕ ಶುರು ಮಾಡಿದರು. ರಿಜಿಸ್ಟರಿನಲ್ಲಿ ಒಂದು, ಎರಡು, ಮೂರು ಎಂದು ಗುರುತು ನಡೆಯಿತು. ನಾನು ಅಮ್ಮನನ್ನು ಕೇಳಿದೆ, ಅವಳಿಗೆ ಪಾಳಿ ಬಿಡುವಂತಿರಲಿಲ್ಲ. ಲೀಲಾ ಸಿಸ್ಟರ್ ಒಂದು ದಿನ ಬರುತ್ತೇನೆಂದರು, ಹೆರಿಗೆ ಕೇಸು ಬಂತು. ಸ್ಕೂಲಿನಲ್ಲಿ ಕುಂಟೆಬಿಲ್ಲೆಯ ಹುಡುಗಿಯರ ಹತ್ತಿರವೂ ಹೋಗಿ ನಿಂತೆ. ಬಾಯಿ ತೆರೆಯಲಿಲ್ಲ. ಅದೊಂದು ಮಾತ್ರ ಈಗಲೂ ನನ್ನನ್ನು ಕಾಡುತ್ತದೆ. ಏಳನೆಯ ದಿನ ಗೋಪಾಲೇಟ್ಟನ್ ಬೋರ್ಡಿನ ಮೂರನೇ ನಿಯಮವನ್ನು, ಇದ್ದ ಇಬ್ಬರ ಮುಂದೆ, ಎದ್ದು ನಿಂತು ಓದಿದರು. ಷಾಜಿ ನಿಯಮ ತಿದ್ದುಪಡಿ ಮಾಡೋಣ ಅಂದ. ತಿದ್ದುಪಡಿಗೆ ಮೂವರು ಬೇಕು ಅಂದರು. ಪುಸ್ತಕಗಳನ್ನು ನಾವೇ ಗೋಣಿಚೀಲಗಳಿಗೆ ತುಂಬಿದೆವು, ನನ್ನ ಕೈಯನ್ನೂ ಮೂರು ಸಲ ತೊಳೆಸಿದರು. ರಿಜಿಸ್ಟರೂ ಅದರಲ್ಲೇ ಹೋಯಿತು. ಮೈಸೂರು ಬಸ್ಸಿನ ಮೇಲೆ ಚೀಲಗಳನ್ನು ಹಾಕುವಾಗ ಕಂಡಕ್ಟರು ಏನ್ರೀ ಇದು ಎಂದು ಕೇಳಿದ. ವಾಯನಶಾಲೆ ಅಂದರು ಗೋಪಾಲೇಟ್ಟನ್. ಕಂಡಕ್ಟರು ಮೆಣಸಿನಕಾಯಿ ಮೂಟೆಗಳ ಜೊತೆ ಇಡಿಸಿದ. ಮರುದಿನದಿಂದ ಅವರು ಸಂಜೆ ಐದೂವರೆಯ ಮೇಲೂ ಕೆಳಗೇ ಇದ್ದರು, ಬನಿಯನ್ನಿನಲ್ಲಿ. ಮುಂದಿನ ಬೇಸಿಗೆಗೆ ಊರಿಗೆ ಹೋದರು. ತೀರಿಕೊಂಡ ಸುದ್ದಿ ಬಂದದ್ದು ಬಹಳ ವರ್ಷದ ಮೇಲೆ.

ಷಾಜಿಯ ಫೋನ್ ನಂಬರು ಇತ್ತೀಚೆಗೆ ಲೀಲಾ ಸಿಸ್ಟರ್ ಕಡೆಯಿಂದ ಸಿಕ್ಕಿತು. ಅವರ ಹಳ್ಳಿಯ ವಾಯನಶಾಲೆ ಚೆನ್ನಾಗಿ ನಡೆಯುತ್ತಿದೆಯಂತೆ, ಜಗಳಗಳೂ ನಡೆಯುತ್ತಿವೆಯಂತೆ. ಅಲ್ಲಿ ಒಂದು ಕಪಾಟಿನ ಮೇಲೆ ಮಳವಳ್ಳಿ ಎಂದು ಬರೆದಿದೆಯಂತೆ. ಫೋಟೋ ಕಳಿಸಿದ. ಖಾಕಿ ಹೊದಿಕೆ ಹಾಗೇ ಇದೆ. ನಮ್ಮ ಮಳವಳ್ಳಿಯಲ್ಲಿ ಆ ಮಹಡಿ ಈಗ ಮೊಬೈಲ್ ಅಂಗಡಿಯವರ ಗೋಡೌನು. ಮೊಬೈಲಿನಲ್ಲಿ ಪುಸ್ತಕ ಓದಿ ಹೇಳುವ ಅನುಕೂಲವೂ ಬಂದಿದೆ, ಬೇಕಾದ ಭಾಷೆಯಲ್ಲಿ. ಮಂಡ್ಯದ ನನ್ನ ಮನೆಯಲ್ಲಿ, ಸಂಜೆ ಅಡುಗೆಯ ಹೊತ್ತಿನಲ್ಲಿ, ನಾನೂ ಕೇಳುತ್ತೇನೆ. ಎಲ್ಲವೂ ಅರ್ಥವಾಗುತ್ತದೆ. ದನಿ ಸ್ಪಷ್ಟ, ಎಲ್ಲೂ ತಪ್ಪಿಲ್ಲ, ಯಾವ ಗಂಟೆಗೂ ನಿಲ್ಲುವುದಿಲ್ಲ. ನಾನು ಎದ್ದು ಹೋದರೂ ಅದು ಓದುತ್ತಲೇ ಇರುತ್ತದೆ. ಶುರು ಮಾಡುವ ಮುಂಚೆ ಯಾರು ಯಾರು ಬಂದಿದ್ದಾರೆಂದು ನೋಡಿ ಹೆಸರು ಬರೆದುಕೊಳ್ಳುವ ಪದ್ಧತಿ ಅದರಲ್ಲಿ ಇಲ್ಲ.

ವಾಯನಶಾಲೆ ಮುಚ್ಚಿದ್ದು ಕಾರ್ತಿಕದಲ್ಲಿ. ಆ ವರ್ಷದ ಉಳಿದ ಸಂಜೆಗಳಲ್ಲಿ ನಾಲ್ಕರಿಂದ ಏಳರವರೆಗೆ ನಾನು ಮನೆಯಲ್ಲಿದ್ದೆ. ಚಿಕ್ಕತಾಯಮ್ಮನ ಮಗಳು ಭಾಗ್ಯ, ಅವ್ವನ ಜೊತೆಗಿದ್ದು, ಏಪ್ರಿಲಿನಲ್ಲಿ ಏಳನೇ ಕ್ಲಾಸು ಪಾಸಾದಳು.